ಕರ್ಪೂರ ಹಾರಿಹೋದ ರೀಲು

ಕೆಂಜಿ ಮಿಜೊಗುಚಿಯ 'ತಾಕಿ ನೋ ಶಿರಾಯಿತೊ' 1933ರ ಜಪಾನಿ ಮೂಕಿ ಚಿತ್ರ. ನೀರಿನ ಚಮತ್ಕಾರ ತೋರಿಸಿ ಹೊಟ್ಟೆ ಹೊರೆಯುವ ಹೆಣ್ಣೊಬ್ಬಳು ಬಡ ಹುಡುಗನನ್ನು ಕಾನೂನು ಓದಿಸುತ್ತಾಳೆ. ಆ ದುಡ್ಡಿಗಾಗಿ ಬಡ್ಡಿ ವ್ಯಾಪಾರಿಯ ಕೈಗೆ ಸಿಕ್ಕಿ, ಕೊಲೆ ಆರೋಪ ಹೊತ್ತು ನ್ಯಾಯಾಲಯಕ್ಕೆ ಬಂದರೆ ಎದುರಿಗಿರುವವನು ಅದೇ ಹುಡುಗ. ಮಾತಿನ ಚಿತ್ರ ಬಂದಮೇಲೂ ಅಲ್ಲಿ ಮೂಕಿ ತೆಗೆಯುತ್ತಿದ್ದರು, ಪರದೆಯ ಪಕ್ಕ ನಿಂತು ಕಥೆ ಹೇಳುವ 'ಬೆನ್ಷಿ'ಗಳಿಗೆ ಅಷ್ಟು ಬೇಡಿಕೆ.

ಜಪಾನಿನ ಮೂಕಿ ಚಿತ್ರಗಳೆಲ್ಲ 1923ರ ಟೋಕಿಯೋ ಭೂಕಂಪದಲ್ಲಿ, ಇಲ್ಲವೇ 1945ರ ಯುದ್ಧದ ಬಾಂಬಿನಲ್ಲಿ ಸುಟ್ಟುಹೋದವು ಎಂಬ ಮಾತು ಅರ್ಧ ನಿಜ. ಬಾಂಬು ಬೀಳದ ಗೋದಾಮಿನಲ್ಲೂ ರೀಲುಗಳು ಸತ್ತಿವೆ.

ಆಗಿನ ಫಿಲ್ಮು ಸೆಲ್ಯುಲೋಸ್ ನೈಟ್ರೇಟ್. ಹತ್ತಿಯ ನಾರಿಗೆ ನೈಟ್ರಿಕ್ ಆಮ್ಲ ಕುಡಿಸಿದರೆ ಸಿಗುವ, ಸಿಡಿಮದ್ದಿನ ದಾಯಾದಿ. ಬರೀ ಅದಾದರೆ ಹಪ್ಪಳದಂತೆ ಮುರಿಯುತ್ತದೆ, ಬಳುಕಲೆಂದು ಕರ್ಪೂರ ಬೆರೆಸುತ್ತಿದ್ದರು. ದೇವರ ಮನೆಯ ಡಬ್ಬಿ ತೆರೆದಿಟ್ಟರೆ ಕರ್ಪೂರ ಕರಗುವುದಿಲ್ಲ, ಹಾರಿಹೋಗುತ್ತದೆ. ಫಿಲ್ಮಿನಿಂದಲೂ ಹಾಗೇ. ಉಳಿದದ್ದು ಕುಗ್ಗುತ್ತದೆ. ಶೇ. 1 ಕುಗ್ಗಿದರೂ 100 ಫ್ರೇಮಿಗೆ ಒಂದು ಫ್ರೇಮಿನಷ್ಟು ಉದ್ದ ಕಡಿಮೆ. ಅಂಚಿನ ತೂತು ಯಂತ್ರದ ಹಲ್ಲಿಗೆ ಕೂರದೆ ಹರಿಯುತ್ತದೆ.

ಹಾಗಾದರೆ ಡಬ್ಬಿ ಬಿಗಿಯಾಗಿ ಮುಚ್ಚಿದರಾಯಿತಲ್ಲ? ಅಲ್ಲೇ ಎಡವಟ್ಟು. ನೈಟ್ರೇಟ್ ತಾನಾಗಿ ನೈಟ್ರೋಜನ್ ಆಕ್ಸೈಡ್ ಬಿಡುತ್ತದೆ, ತೇವ ಸಿಕ್ಕರೆ ಅದು ಆಮ್ಲವಾಗುತ್ತದೆ, ಆಮ್ಲ ಮತ್ತಷ್ಟು ನೈಟ್ರೇಟನ್ನು ಒಡೆಯುತ್ತದೆ. ಹಾಲಿಗೆ ಬಿದ್ದ ಹೆಪ್ಪು, ಬುಟ್ಟಿಯಲ್ಲಿನ ಕೊಳೆತ ಮಾವು: ಹೇಗೆ ಹೇಳಿದರೂ ಸರಿ, ರೋಗವೇ ರೋಗವನ್ನು ಬೆಳೆಸುತ್ತದೆ. ಕರ್ಪೂರ ಉಳಿಸಲು ಮುಚ್ಚಳ ಬೇಕು, ಆಮ್ಲದ ಗಾಳಿ ಹೋಗಲು ಮುಚ್ಚಳ ಸಡಿಲವಿರಬೇಕು! ಜಾಣತನವೆಂದರೆ ಗಾಳಿಯಾಡುವ ಡಬ್ಬಿ, 2 ಡಿಗ್ರಿ ಸೆಲ್ಸಿಯಸ್ಸಿನ ಆಸುಪಾಸು ತಂಪು, ಶೇ. 20–30ರ ತೇವಾಂಶ.

ಮೊದಲು ಚಿತ್ರ ಮಾಸಿ ಫಿಲ್ಮು ಕಂದುಹಳದಿಗೆ ತಿರುಗುತ್ತದೆ. ಆಮೇಲೆ ಸುತ್ತುಗಳು ಬೆಲ್ಲದ ಪಾಕದ ಹಾಗೆ ಅಂಟುತ್ತವೆ. ಇಷ್ಟರೊಳಗೆ ನಕಲು ತೆಗೆಯಬಹುದು. ಗುಳ್ಳೆ ಎದ್ದು, ಒಗೆಯದ ಕಾಲುಚೀಲದಂಥ ವಾಸನೆ ಬಂದರೆ ಉಳಿಯುವುದು ಅಲ್ಲೊಂದು ಇಲ್ಲೊಂದು ತುಂಡು. ಮುಂದಿನದು ಹೆಂಟೆ, ಕೊನೆಯದು ಕಂದು ಪುಡಿ. ಆ ಪುಡಿಯನ್ನು ಬಿಸಿಲಿನಲ್ಲಿ ಇಡಬಾರದು. ಹೊತ್ತಿಕೊಂಡರೆ ಉರಿಗೆ ಬೇಕಾದ ಆಮ್ಲಜನಕ ಅದರಲ್ಲೇ ಇರುತ್ತದೆ, ನೀರಿನಲ್ಲಿ ಮುಳುಗಿಸಿದರೂ ಉರಿಯುತ್ತದೆ.