ಹಳದಿ ಚುಕ್ಕೆಯ ಮಿಡತೆ ಕಂಡರೆ ಮದ್ದು ಹೊಡೆಯಬೇಕಾ?

ಪ್ರಶ್ನೆ: ನಮ್ಮದು ಶಿರಸಿ ಹತ್ತಿರ ಅಡಿಕೆ ತೋಟ. ಬಾಳೆ, ಏಲಕ್ಕಿ ಗಿಡಗಳ ಮೇಲೆ ಹಳದಿ ಚುಕ್ಕೆಯ ದೊಡ್ಡ ಮಿಡತೆಗಳು ಕೂತಿವೆ. ಮುಟ್ಟಿದರೆ ನೊರೆ ಉಗುಳುತ್ತವೆ. ಟಿವಿಯಲ್ಲಿ ತೋರಿಸಿದ ಬೆಳೆ ನುಂಗುವ ಮಿಡತೆ ಇದೇನಾ?

ಅಲ್ಲ, ಗಾಬರಿ ಬೇಡ. 2020ರ ಮೇ ತಿಂಗಳಲ್ಲಿ ರಾಜಸ್ಥಾನ ದಾಟಿ ವಿದರ್ಭದವರೆಗೆ ಬಂದದ್ದು ಮರುಭೂಮಿ ಮಿಡತೆ. ಅದು ಒಣನಾಡಿನ ಹುಳ. ಒದ್ದೆ ಮರಳಲ್ಲಿ ಮೊಟ್ಟೆ ಇಡುತ್ತದೆ. ಗಾಳಿ ಹಿಡಿದು ದಿನಕ್ಕೆ ನೂರು ಕಿಲೋಮೀಟರಿಗೂ ಜಾಸ್ತಿ ಹಾರುತ್ತದೆ. ನಮ್ಮ ದಟ್ಟ ಕಾಡು, ಜಡಿಮಳೆ ಅದಕ್ಕೆ ಒಗ್ಗುವುದಿಲ್ಲ.

ನೀವು ಕಂಡದ್ದು ಕಾಫಿ ಮಿಡತೆ. ಇಂಗ್ಲಿಷಿನಲ್ಲಿ ಇದಕ್ಕೂ 'ಲೋಕಸ್ಟ್' ಅನ್ನುತ್ತಾರೆ, ಅರ್ಧ ಗೊಂದಲ ಅಲ್ಲಿಂದಲೇ ಶುರು. ಶಾಸ್ತ್ರೀಯ ಹೆಸರು ಔಲಾರ್ಕಿಸ್ ಮಿಲಿಯಾರಿಸ್. 1758ರಲ್ಲೇ ಸ್ವೀಡನ್ನಿನ ಜೀವವಿಜ್ಞಾನಿ ಲಿನೇಯಸ್ ಇದನ್ನು ದಾಖಲಿಸಿದ್ದ. ಕಡು ಹಸಿರು ರೆಕ್ಕೆ, ಅದರ ತುಂಬ ಹಳದಿ ಬೊಟ್ಟು, ಹೊಟ್ಟೆಯ ಮೇಲೆ ಕೆಂಪು ಪಟ್ಟೆ. ಇಷ್ಟು ಚೆಂದದ ಹುಳ ನಮ್ಮ ತೋಟದಲ್ಲಿ ಇನ್ನೊಂದು ಸಿಗುವುದು ಕಷ್ಟ. ಬಲು ಸೋಮಾರಿ ನಡಿಗೆ ಇದರದ್ದು. ಹಾರಿದರೂ ಪಕ್ಕದ ಗಿಡದವರೆಗೆ, ಅಷ್ಟೇ.

ಅಷ್ಟು ನಿಧಾನವಾಗಿದ್ದೂ ಹಕ್ಕಿಗಳಿಂದ ಹೇಗೆ ಉಳಿಯುತ್ತದೆ? ಆ ನೊರೆಯಿಂದಲೇ. ಬಾಯಿಂದ ಉಗುಳುವುದಲ್ಲ ಅದು, ಎದೆಯ ಭಾಗದಿಂದ ಗುಳ್ಳೆಗುಳ್ಳೆಯಾಗಿ ಉಕ್ಕುತ್ತದೆ. ಕಹಿ, ವಾಸನೆ ಬೇರೆ. ಅದರಲ್ಲಿ ವಿಷದ ಅಂಶವೂ ಇದೆ. ಮೈಮೇಲಿನ ಢಾಳು ಬಣ್ಣವೇ 'ನನ್ನನ್ನು ತಿನ್ನಬೇಡ' ಅನ್ನುವ ಎಚ್ಚರಿಕೆ. ಸುಮ್ನೆ ಮುಟ್ಟಿದರೆ ನಮಗೇನೂ ಆಗುವುದಿಲ್ಲ. ಆದರೆ ಮಕ್ಕಳು ಹಿಡಿದರೆ ಕಣ್ಣುಜ್ಜುವ ಮೊದಲು ಕೈ ತೊಳೆಸಿ.

ಹಾಗಾದರೆ ಹಾನಿಯೇ ಇಲ್ವಾ? ಇದೆ. ಬಾಳೆ, ಏಲಕ್ಕಿ, ಕಾಫಿ, ತೆಂಗು, ಸಾಗವಾನಿ, ಎಲ್ಲದರ ಎಲೆಯನ್ನೂ ತಿನ್ನುತ್ತದೆ. ಕೆಲವು ವರ್ಷ ಸಂಖ್ಯೆ ಏರಿ, ಗಿಡ ಬೋಳಾಗುವುದೂ ಉಂಟು. ಆದರೆ ನಾಲ್ಕೆಂಟು ಮಿಡತೆ ಕಂಡ ಕೂಡಲೇ ಪಂಪು ಹೆಗಲಿಗೇರಿಸುವುದು ತಪ್ಪು ಅಂತ ನನ್ನ ಗಟ್ಟಿ ಅಭಿಪ್ರಾಯ. ಕೀಟನಾಶಕ ಹೊಡೆದರೆ ಏಲಕ್ಕಿ ಹೂವಿಗೆ ಬರುವ ಜೇನುಹುಳಗಳೂ ಸಾಯುತ್ತವೆ. ಅವು ಇಲ್ಲದಿದ್ದರೆ ಏಲಕ್ಕಿ ಸರಿಯಾಗಿ ಕಾಯಿ ಕಟ್ಟುವುದಿಲ್ಲ. ಅಡಿಕೆಯ ಕೊಳೆರೋಗಕ್ಕೆ ಹೊಡೆಯುವ ಬೋರ್ಡೋ (ಮೈಲುತುತ್ತ-ಸುಣ್ಣದ ದ್ರಾವಣ) ಅನ್ನೇ ಕೆಲವರು ಇದಕ್ಕೂ ಹೊಡೆಯುತ್ತಾರೆ. ಅದು ಶಿಲೀಂಧ್ರದ ಮದ್ದು, ಮಿಡತೆ ಅದಕ್ಕೆ ಸಾಯುವುದಿಲ್ಲ.

ಜಾಸ್ತಿ ಆಗಿದ್ದರೆ ಬೆಳಿಗ್ಗೆ ಬೇಗ ಹೋಗಿ. ಚಳಿಗೆ ಅವು ಜಡವಾಗಿರುತ್ತವೆ. ಸೋಪಿನ ನೀರು ತುಂಬಿದ ಬಕೆಟ್ ಹಿಡಿದು ಗಿಡ ಅಲುಗಿಸಿದರೆ ತಾವೇ ಬೀಳುತ್ತವೆ. ರೆಕ್ಕೆ ಬಾರದ ಮರಿಗಳು ಗುಂಪಾಗಿ ಒಂದೇ ಪೊದೆಯಲ್ಲಿ ಇರುವುದರಿಂದ ಅವನ್ನು ಹಿಡಿಯುವುದು ಇನ್ನೂ ಸುಲಭ.

ಇದಕ್ಕೆ ವರ್ಷಕ್ಕೆ ಒಂದೇ ಪೀಳಿಗೆ. ಹೆಣ್ಣು ಹಿಂಭಾಗವನ್ನು ಮಣ್ಣಿಗೆ ಊರಿ, ನೊರೆಯಲ್ಲಿ ಸುತ್ತಿದ ಮೊಟ್ಟೆಗಳನ್ನು ಇಡುತ್ತದೆ. ಹಾಗೆ ಊರಿ ನಿಂತದ್ದು ಕಂಡರೆ ಆ ಜಾಗಕ್ಕೆ ಒಂದು ಗೂಟ ಹೊಡೆದಿಡಿ. ಆಮೇಲೆ ಅಲ್ಲಷ್ಟೇ ಮಣ್ಣು ಕೆದಕಿ ಬಿಟ್ಟರೆ, ಮೊಟ್ಟೆಗಳನ್ನು ಇರುವೆ ಮತ್ತು ಬಿಸಿಲು ನೋಡಿಕೊಳ್ಳುತ್ತವೆ.