ಬೆಲ್ಲದ ಸ್ಯಾಂಪಲ್ ನಾಲ್ಕು ಭಾಗ ಆಗೋದು ಯಾಕೆ?

ಮಹಾಲಿಂಗಪುರದ ಕಡೆಯ ಬೆಲ್ಲದ ವ್ಯಾಪಾರಿಯೊಬ್ಬರು ಬಾಗಲಕೋಟೆಯ ನನ್ನ ವಕೀಲಿ ಆಫೀಸಿಗೆ ಬಂದಿದ್ದರು. ಕೈಯಲ್ಲಿ ಲ್ಯಾಬ್ ರಿಪೋರ್ಟ್. "ಸಾಹೇಬ್ರ, ಬೆಲ್ಲದಾಗ ಗಂಧಕ ಜಾಸ್ತಿ ಐತಿ ಅಂತ ಬರದಾರ್ರಿ. ನಾ ಏನೂ ಹಾಕಿಲ್ಲ, ಗಾಣದಿಂದ ತಂದು ಮಾರೀನಿ" ಎಂದರು. ರಿಪೋರ್ಟ್ ಕೈಗೆ ಬಂದು ಎಷ್ಟು ದಿನ ಆಯ್ತು ಎಂದು ಕೇಳಿದೆ. "ಎರಡು ತಿಂಗಳಾತ್ರಿ."

ನನಗೆ ಬಹಳ ಬೇಸರವಾಯಿತು. ಆ ರಿಪೋರ್ಟ್ ಮೇಲೆ ಅಪೀಲು ಹೋಗಲು ಇರುವುದು 30 ದಿನ ಮಾತ್ರ.

2006ರ ಆಹಾರ ಸುರಕ್ಷತೆ ಮತ್ತು ಗುಣಮಟ್ಟ ಕಾಯ್ದೆಯಲ್ಲಿ ಸ್ಯಾಂಪಲನ್ನು ನಾಲ್ಕು ಭಾಗ ಮಾಡುತ್ತಾರೆ. ಒಂದು ಆಹಾರ ವಿಶ್ಲೇಷಕರಿಗೆ. ಎರಡು ಅಂಕಿತ ಅಧಿಕಾರಿಯ, ಅಂದರೆ ಆಹಾರ ಸುರಕ್ಷತೆಯ ಮೇಲಧಿಕಾರಿಯ ಹತ್ತಿರ ಇರುತ್ತವೆ. ನಾಲ್ಕನೆಯದನ್ನು ವ್ಯಾಪಾರಿ ಕೇಳಿದರೆ ಮಾನ್ಯತೆ ಪಡೆದ ಬೇರೆ ಲ್ಯಾಬಿಗೆ ಕಳಿಸಬೇಕು, ಖರ್ಚು ಅವರದು. ಸ್ಯಾಂಪಲ್ ತೆಗೆಯುವ ಹೊತ್ತಿನಲ್ಲಿ ಗಾಬರಿಯಾಗಿ ಇದನ್ನು ಕೇಳದೇ ಬಿಡುವವರೇ ಜಾಸ್ತಿ. ಆಮೇಲೆ ಉಳಿಯುವ ದಾರಿ ಅಪೀಲು. ಅಂಕಿತ ಅಧಿಕಾರಿ ಒಪ್ಪಿದರೆ ಕಾದಿಟ್ಟ ಭಾಗ ರೆಫರಲ್ ಲ್ಯಾಬಿಗೆ, ಅಂದರೆ ಮರುಪರೀಕ್ಷೆಯ ಲ್ಯಾಬಿಗೆ ಹೋಗುತ್ತದೆ. ಮೈಸೂರಿನ ಕೇಂದ್ರೀಯ ಆಹಾರ ತಂತ್ರಜ್ಞಾನ ಸಂಶೋಧನಾ ಸಂಸ್ಥೆ (ಸಿಎಫ್‌ಟಿಆರ್‌ಐ) ಅಂಥದ್ದೊಂದು. ಅಲ್ಲಿನ ಮಾತೇ ಕೊನೆ.

ಬೆಲ್ಲದ ವಿಷಯದಲ್ಲಿ ಇದು ಇನ್ನೂ ಮುಖ್ಯ. ಹಳದಿಯಾಗಿ ಹೊಳೆಯುವ ಬೆಲ್ಲಕ್ಕೆ ಪೇಟೆಯಲ್ಲಿ ರೇಟು ಜಾಸ್ತಿ, ಹಾಗಾಗಿ ಕೊಪ್ಪರಿಗೆಗೆ ಹೈಡ್ರೋಸ್ ಎಂಬ, ಬಣ್ಣ ತಿಳಿಮಾಡುವ ಗಂಧಕದ ಪುಡಿ ಬೀಳುತ್ತದೆ. ಅದರಿಂದ ಉಳಿಯುವ ಸಲ್ಫರ್ ಡೈಆಕ್ಸೈಡ್ ಕೆಜಿ ಬೆಲ್ಲದಲ್ಲಿ 70 ಮಿಲಿಗ್ರಾಂ ದಾಟಬಾರದು. ಆದರೆ ಅದು ಇಟ್ಟಲ್ಲೇ ಇರುವ ವಸ್ತುವಲ್ಲ. ದಿನ ಕಳೆದಂತೆ ಕಡಿಮೆಯಾಗುತ್ತ ಹೋಗುತ್ತದೆ. ಹಾಗಾದರೆ ಎರಡನೇ ಲ್ಯಾಬಿನಲ್ಲಿ ಅಂಕಿ ಕಡಿಮೆ ಬಂದರೆ ಮೊದಲ ರಿಪೋರ್ಟ್ ತಪ್ಪೇ? ಅಥವಾ ಬರೀ ದಿನ ಕಳೆದಿವೆಯೇ? ತೆಗೆದ ದಿನ, ತಲುಪಿದ ದಿನ, ಪರೀಕ್ಷೆ ಮಾಡಿದ ದಿನ ಮೂರೂ ಕಡತದಲ್ಲಿ ಇರದಿದ್ದರೆ ಇದಕ್ಕೆ ಯಾರೂ ಉತ್ತರ ಹೇಳಲಾರರು. ತಡವಾದರೆ ಏನಾಗುತ್ತದೆ ಎಂಬುದಕ್ಕೆ ಹಳೆಯ 1954ರ ಆಹಾರ ಕಲಬೆರಕೆ ತಡೆ ಕಾಯ್ದೆಯ ಕಾಲದ ದಿಲ್ಲಿಯ ಮೊಸರಿನ ಕೇಸೊಂದಿದೆ, ಘೀಸಾ ರಾಮ್ ಪ್ರಕರಣ. ಕೇಸು ಹಾಕುವಷ್ಟರಲ್ಲಿ ಆರೋಪಿಯ ಪಾಲಿನ ಮೊಸರು ಕೆಟ್ಟುಹೋಗಿತ್ತು, ಮತ್ತೆ ಪರೀಕ್ಷೆ ಮಾಡಲು ಆಗಲಿಲ್ಲ. ಮರುಪರೀಕ್ಷೆ ಮಾಡಿಸುವ ಹಕ್ಕು ಕೈತಪ್ಪಿದ ಮೇಲೆ ಶಿಕ್ಷೆ ನಿಲ್ಲದು ಎಂದು ಸುಪ್ರೀಂ ಕೋರ್ಟ್ ಹೇಳಿತು.

ಇನ್ನು ಸೀಲು. ನಾನು ಕಡತ ತೆರೆದರೆ ಅಂಕಿಗಿಂತ ಮೊದಲು ನೋಡುವುದು ಇದನ್ನೇ. ಡಬ್ಬಿ ಸುತ್ತ ಅಂಕಿತ ಅಧಿಕಾರಿಯ ನಂಬರಿನ ಚೀಟಿ ಇರಬೇಕು. ವ್ಯಾಪಾರಿಯ ಸಹಿ ಅರ್ಧ ಚೀಟಿಯ ಮೇಲೆ, ಅರ್ಧ ಹೊದಿಕೆಯ ಮೇಲೆ ಬೀಳಬೇಕು. ಸೀಲಿನ ಮಾದರಿ ಗುರುತು ಬೇರೆಯಾಗಿ ಲ್ಯಾಬಿಗೆ ಹೋಗಿರಬೇಕು, ಎರಡೂ ತಾಳೆಯಾದವು ಎಂದು ವಿಶ್ಲೇಷಕರು ಬರೆದಿರಬೇಕು. ಇದು ಸುಮ್ನೆ ಕಾಗದದ ಕೆಲಸ ಅನ್ನಿಸಬಹುದು. ಆದರೆ ಲ್ಯಾಬಿನಲ್ಲಿ ಸುಟ್ಟು ಕರಗಿಸಿ ನೋಡಿದ ಬೆಲ್ಲ ಇವರ ಅಂಗಡಿಯದೇ ಎಂದು ಹೇಳಲು ಬೇರೆ ಏನಿದೆ? ಸೀಲು ಸರಿಯಿಲ್ಲದೇ ನಿಜವಾದ ಕಲಬೆರಕೆಯವನು ಪಾರಾಗಿ ಹೋದರೆ ನನಗೆ ಸಂಕಟವೇ ಆಗುತ್ತದೆ, ನಾನು ಅವನ ವಕೀಲನಾಗಿದ್ದರೂ.

ರಿಪೋರ್ಟಿನ ಕೊನೆಯ ಪದವನ್ನೂ ನೋಡಿ. 'ಕಳಪೆ ಗುಣಮಟ್ಟ' ಎಂದಿದ್ದರೆ ಅಪರ ಜಿಲ್ಲಾಧಿಕಾರಿಯ ಮುಂದೆ ದಂಡದ ಕೇಸು, 5 ಲಕ್ಷ ರೂಪಾಯಿಯವರೆಗೆ. 'ಅಸುರಕ್ಷಿತ' ಎಂದಿದ್ದರೆ ಕ್ರಿಮಿನಲ್ ಕೋರ್ಟು, ಜೈಲೂ ಆಗಬಹುದು. ಹಾಗಾಗಿ ಅಸುರಕ್ಷಿತ ಯಾಕೆ ಎಂಬ ಕಾರಣವೂ ಅಲ್ಲಿರಬೇಕು ಅಲ್ವಾ?

ಕೊಳ್ಳುವವರಿಗೂ ಒಂದು ಮಾತು. ಖಾರಪುಡಿಯ ಒಡೆದ ಪೊಟ್ಟಣ ತಂದು "ಇದರ ಮ್ಯಾಲ ಕೇಸ್ ಹಾಕ್ರಿ" ಎನ್ನುವವರು ಬರುತ್ತಾರೆ. ಅವರ ಸಿಟ್ಟು ನ್ಯಾಯವಾದದ್ದೇ, ಆದರೆ ಒಡೆದ ಪೊಟ್ಟಣ ಕೋರ್ಟಿನಲ್ಲಿ ನಿಲ್ಲುವುದು ಕಷ್ಟ. ಕಾಯ್ದೆಯ 40ನೇ ಕಲಮಿನಲ್ಲಿ ನೀವೇ ಫೀ ಕಟ್ಟಿ ಆಹಾರ ವಿಶ್ಲೇಷಕರಿಂದ ಪರೀಕ್ಷೆ ಮಾಡಿಸಬಹುದು. ತಪ್ಪು ಕಂಡರೆ ಫೀ ವಾಪಸ್ ಬರುತ್ತದೆ. ಆದರೆ ಕೊಳ್ಳುವಾಗಲೇ, ಅಂಗಡಿಯವರ ಎದುರಿಗೇ, "ಇದನ್ನು ಪರೀಕ್ಷೆಗೆ ಕಳಿಸ್ತೀನಿ" ಎಂದು ಹೇಳಿರಬೇಕು.