ಹಳೇ ಪ್ರೋಗ್ರಾಂಗೆ ಹೊಸ ವೇಗ ಯಾಕೆ?

ಹಳೇ ಸಾಫ್ಟ್‌ವೇರ್‌ಗೆ ಎಮ್ಯುಲೇಟರ್, ಅಂದರೆ ಹೊಸ ಕಂಪ್ಯೂಟರಿನಲ್ಲಿ ಹಳೇ ಯಂತ್ರದಂತೆ ನಟಿಸುವ ಪ್ರೋಗ್ರಾಂ, ಹಾಕಿಕೊಟ್ಟ ಮೇಲೆ ನನಗೆ ಬರುವ ಫೋನ್‌ಗಳಲ್ಲಿ ಹೆಚ್ಚಿನವು ಒಂದೇ ಥರ. "ನೀವು ಹೋಗೋವಾಗ ಚೆನ್ನಾಗೇ ಓಡ್ತಿತ್ತು, ಈಗ ಕೈಕೊಟ್ಟಿದೆ. ಫೈಲ್ ಹಾಳಾಗಿರಬೇಕು." ಸೈಕಲ್ಸ್, ಅಂದರೆ ಎಮ್ಯುಲೇಟರಿನ ವೇಗದ ಸೆಟ್ಟಿಂಗ್, ಏನಾದ್ರೂ ಮುಟ್ಟಿದ್ರಾ ಅಂತ ಕೇಳುತ್ತೇನೆ. "ಹೂಂ, ಮ್ಯಾಕ್ಸ್‌ಗೆ ಇಟ್ಟೆ. ಹೊಸ ಕಂಪ್ಯೂಟರ್ ಅಲ್ವಾ, ಅಷ್ಟು ಶಕ್ತಿ ಸುಮ್ನೆ ಯಾಕೆ ವೇಸ್ಟ್ ಮಾಡೋದು?"

ಅಲ್ಲಿಗೆ ಫೈಲ್ ಹಾಳಾಗಿಲ್ಲ ಅಂತ ನನಗೆ ಖಾತ್ರಿಯಾಗುತ್ತದೆ. ಖಾತ್ರಿ ಅನ್ನಬಾರದು, ಮುಕ್ಕಾಲು ಪಾಲು ಅನ್ನೋಣ.

64 ಬಿಟ್ ವಿಂಡೋಸ್‌ನಲ್ಲಿ 16 ಬಿಟ್ ಡಾಸ್ ಪ್ರೋಗ್ರಾಂ ನೇರವಾಗಿ ಓಡುವುದಿಲ್ಲ, ಅದಕ್ಕೇ ಡಾಸ್‌ಬಾಕ್ಸ್ ಅನ್ನೋ ಎಮ್ಯುಲೇಟರ್ ಬೇಕು, ಫೋಲ್ಡರ್ ಮೌಂಟ್ ಮಾಡಬೇಕು, ಅಂದರೆ ನಿಮ್ಮ ಫೋಲ್ಡರನ್ನು ಅದಕ್ಕೆ ಒಂದು ಡ್ರೈವ್ ಥರ ತೋರಿಸಬೇಕು. ಇದೆಲ್ಲ ನಿಮಗೆ ಗೊತ್ತಿದೆ ಅಂದುಕೊಂಡೇ ಮುಂದೆ ಹೋಗುತ್ತೇನೆ. ಜನ ಎಡವುವುದು ಅಲ್ಲಿ ಅಲ್ಲ, ವೇಗದ ವಿಷಯದಲ್ಲಿ.

1981ರಲ್ಲಿ ಬಂದ ಐಬಿಎಂ ಪಿಸಿಯ ಪ್ರೊಸೆಸರ್ 8088, ಓಡುತ್ತಿದ್ದುದು 4.77 ಮೆಗಾಹರ್ಟ್ಸ್‌ನಲ್ಲಿ. ಆಗ ಪ್ರೋಗ್ರಾಂ ಬರೆದವರಿಗೆ ಕಣ್ಣಮುಂದೆ ಇದ್ದದ್ದು ಅದೊಂದೇ ವೇಗ. ಪರದೆಯ ಮೇಲೆ ಏನಾದರೂ ಸ್ವಲ್ಪ ಹೊತ್ತು ನಿಲ್ಲಬೇಕಾದರೆ ಏನೂ ಕೆಲಸ ಮಾಡದ ಒಂದು ಖಾಲಿ ಲೂಪ್ ಬರೆದು ಸಾವಿರಾರು ಸಲ ಸುತ್ತಿಸುತ್ತಿದ್ದರು. ಸೆಕೆಂಡಿಗೆ 18.2 ಸಲ ಮಿಡಿಯುವ ಟೈಮರ್ ಅದೇ ಯಂತ್ರದಲ್ಲಿತ್ತು. ಅದನ್ನು ನಂಬಿ ಬರೆದ ಪ್ರೋಗ್ರಾಂಗಳು ಇವತ್ತಿಗೂ ಅಷ್ಟಾಗಿ ತೊಂದರೆ ಕೊಡುವುದಿಲ್ಲ. ಆದರೆ ಖಾಲಿ ಲೂಪ್ ಸುಲಭ, ಹಲವರು ಅದನ್ನೇ ಬರೆದರು. ಮುಂದೆ ವೇಗದ ಯಂತ್ರಗಳು ಬಂದಾಗ ಆ ಲೂಪ್ ಕಣ್ಣು ಮಿಟುಕಿಸುವಷ್ಟರಲ್ಲಿ ಮುಗಿಯತೊಡಗಿತು. ಆಗ ಕ್ಯಾಬಿನೆಟ್ ಮೇಲೆ ಟರ್ಬೊ ಅಂತ ಒಂದು ಗುಂಡಿ ಇರುತ್ತಿತ್ತು, ನೆನಪಿದೆಯಾ? ಹೆಸರೇನೋ ಟರ್ಬೊ. ಆ ಗುಂಡಿ ಇಟ್ಟದ್ದೇ ಹಳೇ ಪ್ರೋಗ್ರಾಂಗಳಿಗಾಗಿ ಯಂತ್ರದ ವೇಗ ಇಳಿಸೋಕೆ.

ಪ್ರೋಗ್ರಾಂ ಬರೆಯೋಕೆ ಆಗ ಬಳಸುತ್ತಿದ್ದ ಟರ್ಬೊ ಪ್ಯಾಸ್ಕಲ್ 7ರಲ್ಲಿ ಬರೆದವುಗಳ ಕಥೆ ಇನ್ನೂ ತಮಾಷೆ. ಅದರ ಜೊತೆಗೇ ಬರುವ, ಪರದೆ ನೋಡಿಕೊಳ್ಳುವ ಸಿಆರ್‌ಟಿ ಅನ್ನೋ ಸಿದ್ಧ ಕೋಡಿನ ತುಂಡು (ಯೂನಿಟ್) ಶುರುವಾದ ತಕ್ಷಣ ಯಂತ್ರದ ವೇಗ ಅಳೆಯುತ್ತದೆ. ಟೈಮರ್‌ನ ಒಂದು ಮಿಡಿತದಲ್ಲಿ, ಅಂದರೆ ಸುಮಾರು 55 ಮಿಲಿಸೆಕೆಂಡಿನಲ್ಲಿ, ಒಂದು ಲೂಪ್ ಎಷ್ಟು ಸಲ ಸುತ್ತಿತು ಅಂತ ಎಣಿಸಿ, ಅದನ್ನು 55ರಿಂದ ಭಾಗಿಸುತ್ತದೆ. ಉತ್ತರ ಇಡೋಕೆ ಇರುವುದು 16 ಬಿಟ್ ಜಾಗ, ಹೆಚ್ಚೆಂದರೆ 65,535. ಯಂತ್ರ ತೀರಾ ವೇಗವಾಗಿದ್ದರೆ ಉತ್ತರ ಅದಕ್ಕಿಂತ ದೊಡ್ಡದಾಗುತ್ತದೆ. ಉತ್ತರ ಜಾಗದಲ್ಲಿ ಹಿಡಿಸದಿದ್ದರೂ, ಸೊನ್ನೆಯಿಂದ ಭಾಗಿಸಿದರೂ, ಪ್ರೊಸೆಸರ್ ಕೊಡುವುದು ಒಂದೇ ದೂರು. ಹಾಗಾಗಿ 'ರನ್‌ಟೈಮ್ ಎರರ್ 200, ಡಿವಿಷನ್ ಬೈ ಝೀರೋ' ಅಂತ ತೋರಿಸಿ ಪ್ರೋಗ್ರಾಂ ಮಲಗಿಬಿಡುತ್ತದೆ. ಸೊನ್ನೆಯಿಂದ ಯಾರೂ ಭಾಗಿಸಿಯೇ ಇಲ್ಲ! 1990ರ ದಶಕದಲ್ಲಿ ಪ್ರೊಸೆಸರ್‌ಗಳು 200 ಮೆಗಾಹರ್ಟ್ಸ್ ಆಸುಪಾಸು ದಾಟಿದಾಗಲೇ ಈ ಕಾಟ ಶುರುವಾಗಿತ್ತು. (ಎರರ್ ನಂಬರೂ 200 ಆಗಿರುವುದು ಬರೀ ಕಾಕತಾಳೀಯ.) ಡಾಸ್‌ಬಾಕ್ಸ್‌ನಲ್ಲಿ ಮ್ಯಾಕ್ಸ್ ಹಾಕಿದರೆ ಅದೇ ಹಳ್ಳಕ್ಕೆ ನೀವೇ ಹೋಗಿ ಬಿದ್ದಂತೆ.

ಸೈಕಲ್ಸ್ ಅಂದರೆ ಡಾಸ್‌ಬಾಕ್ಸ್ ಒಂದು ಮಿಲಿಸೆಕೆಂಡಿನಲ್ಲಿ ಎಷ್ಟು ಇನ್‌ಸ್ಟ್ರಕ್ಷನ್ ನಡೆಸಬೇಕು ಅನ್ನೋ ಲೆಕ್ಕ, ಅಷ್ಟೇ. ಸುಮಾರು 300 ಇಟ್ಟರೆ ಆ ಮೊದಲ ಪಿಸಿ. ಆಮೇಲೆ ಬಂದ ಪ್ರೊಸೆಸರ್‌ಗಳಲ್ಲಿ 33 ಮೆಗಾಹರ್ಟ್ಸ್‌ನ 386ಕ್ಕೆ ಆರು ಸಾವಿರದ ಹತ್ತಿರ. 66 ಮೆಗಾಹರ್ಟ್ಸ್‌ನ 486ಕ್ಕೆ ಇಪ್ಪತ್ತು ಸಾವಿರದ ಮೇಲೆ. ಇವೆಲ್ಲ ಅಂದಾಜು, ಪ್ರೋಗ್ರಾಂ ನೋಡಿ ಬದಲಾಗುತ್ತವೆ. ನಾನು ಸಾಮಾನ್ಯವಾಗಿ 3000ದಿಂದ ಶುರು ಮಾಡುತ್ತೇನೆ. ಕಂಟ್ರೋಲ್ ಒತ್ತಿಕೊಂಡು ಎಫ್11 ಒತ್ತಿದರೆ ಇಳಿಯುತ್ತದೆ, ಎಫ್12 ಒತ್ತಿದರೆ ಏರುತ್ತದೆ. ಈಗಿನ ಸಂಖ್ಯೆ ಕಿಟಕಿಯ ನೆತ್ತಿಯಲ್ಲೇ ಕಾಣುತ್ತದೆ. ಸರಿಹೊಂದಿತು ಅನಿಸಿದಾಗ ಆ ಸಂಖ್ಯೆ ನೋಡಿಕೊಂಡು ಕಾನ್ಫಿಗ್ ಫೈಲಿನಲ್ಲಿ (ಡಾಸ್‌ಬಾಕ್ಸ್‌ನ ಸೆಟ್ಟಿಂಗ್‌ಗಳಿರುವ ಫೈಲು) ಫಿಕ್ಸೆಡ್ ಅಂತ ಅದನ್ನು ಬರೆದು, ದಯವಿಟ್ಟು ಮತ್ತೆ ಮುಟ್ಟಬೇಡಿ.

ಡಾಸ್‌ಬಾಕ್ಸ್ ಬದಲು, ಕಂಪ್ಯೂಟರಿನೊಳಗೆ ಇನ್ನೊಂದು ಕಂಪ್ಯೂಟರ್ ಓಡಿಸುವ "ವರ್ಚುವಲ್‌ಬಾಕ್ಸ್ ಹಾಕ್ತೀನಿ, ಅದು ಜಾಸ್ತಿ ಫಾಸ್ಟ್" ಅನ್ನುವವರೂ ಇದ್ದಾರೆ. ಅದೇ ಅದರ ತೊಂದರೆ. ಅದು ನಿಮ್ಮ ಪ್ರೊಸೆಸರ್ ಮೇಲೇ ನೇರವಾಗಿ ಕೋಡ್ ಓಡಿಸುತ್ತದೆ, ಆದ್ದರಿಂದ ಎರರ್ 200 ಅಲ್ಲೂ ಬರುತ್ತದೆ. ಇಂತಿಷ್ಟೇ ಪರ್ಸೆಂಟ್ ಬಳಸು ಅಂತ ಮಿತಿ ಹಾಕಬಹುದು. ಆದರೂ ಅದು ಬಿಟ್ಟು ಬಿಟ್ಟು ಅದೇ ವೇಗದಲ್ಲಿ ಓಡುತ್ತದೆ, ಒಂದೇ ಸಮ ನಿಧಾನವಾಗುವುದಿಲ್ಲ.

ಇನ್ನೊಂದು ಎಚ್ಚರಿಕೆ. ಮೌಂಟ್ ಮಾಡಿದ ಫೋಲ್ಡರ್ ನಿಮ್ಮ ನಿಜವಾದ ಫೋಲ್ಡರೇ. ಒಳಗೆ ಡಿಲೀಟ್ ಮಾಡಿದರೆ ಹೊರಗೂ ಹೋಗುತ್ತದೆ. ವರ್ಷಗಟ್ಟಲೆ ಲೆಕ್ಕ ಇರುವ ಡೇಟಾ ಆದರೆ ಮೊದಲು ಬೇರೆ ಕಡೆ ನಕಲು ಮಾಡಿ ಇಡಿ. ಡಾಸ್‌ಬಾಕ್ಸ್ ಮಾಡಿದ್ದು ಆಟಗಳಿಗಾಗಿ, ಲೆಕ್ಕಪತ್ರಕ್ಕೆ ಅದನ್ನೇ ನೆಚ್ಚಿಕೊಳ್ಳಿ ಅಂತ ನಾನಂತೂ ಹೇಳಲಾರೆ.

ನಿವೃತ್ತ ಮೇಷ್ಟ್ರೊಬ್ಬರು ತಾವೇ ಬರೆದ ಪ್ಯಾಸ್ಕಲ್ ಪ್ರೋಗ್ರಾಂ ತಂದಿದ್ದರು. ಪುಟಿಯುವ ಚೆಂಡು, ಭೌತಶಾಸ್ತ್ರದ ಪಾಠಕ್ಕೆ. ಎರರ್ 200 ನೋಡಿ ಅವರಿಗೆ ಸಿಟ್ಟೇ ಬಂದಿತ್ತು. "ಏನಪ್ಪಾ, ಇದರಲ್ಲಿ ನಾನು ಎಲ್ಲೂ ಭಾಗಾಕಾರವೇ ಮಾಡಿಲ್ಲ" ಅಂದರು. ಅವರ ಮಾತು ನಿಜ, ಭಾಗಾಕಾರ ಇದ್ದದ್ದು ಸಿಆರ್‌ಟಿಯೊಳಗೆ. ಸೈಕಲ್ಸ್ ಇಳಿಸಿದೆ, ಎರರ್ ಹೋಯಿತು. ಆದರೆ ಚೆಂಡು ಕಣ್ಣಿಗೇ ಸಿಗದಷ್ಟು ಜೋರಾಗಿ ಹಾರುತ್ತಿತ್ತು. ಅವರದ್ದೂ ಖಾಲಿ ಲೂಪೇ, ಲ್ಯಾಬಿನಲ್ಲಿದ್ದ 286 ಪ್ರೊಸೆಸರ್‌ನ ಯಂತ್ರಕ್ಕೆ ಹೊಂದಿಸಿದ್ದು. ಕೀಬೋರ್ಡ್ ಅವರ ಕಡೆ ತಳ್ಳಿದೆ. ಎಫ್11 ಒತ್ತುತ್ತಾ, ಚೆಂಡು ನೋಡುತ್ತಾ, "ಇನ್ನೂ ಇಲ್ಲ, ಇನ್ನೂ ಇಲ್ಲ" ಅನ್ನುತ್ತಾ ಎರಡು ಸಾವಿರದೊಳಗೆ ಎಲ್ಲೋ ನಿಲ್ಲಿಸಿದರು. "ಹಾಂ, ಇದು ನನ್ನ ಚೆಂಡು."

ಆಮೇಲೆ ಫೋನ್ ಮಾಡಿದರು, ಆ ವೇಗದಲ್ಲಿ ಕಂಪೈಲ್ ಆಗೋಕೆ (ಬರೆದ ಕೋಡು ಓಡುವ ಪ್ರೋಗ್ರಾಂ ಆಗೋಕೆ) ತುಂಬಾ ಹೊತ್ತು ಹಿಡಿಯುತ್ತೆ ಅಂತ. ಇದು ನ್ಯಾಯವಾದ ದೂರು. ಎರಡು ಕಾನ್ಫಿಗ್ ಫೈಲ್ ಮಾಡಿಕೊಟ್ಟೆ, ಕಂಪೈಲ್ ಮಾಡೋಕೆ 20,000ದ್ದು, ಚೆಂಡಿಗೆ ಅವರದ್ದೇ ಸಂಖ್ಯೆ. ಈಗ ಪ್ರಿಂಟ್ ಬೇಕು ಅನ್ನುತ್ತಿದ್ದಾರೆ. ಮೂಲ ಡಾಸ್‌ಬಾಕ್ಸ್‌ನಲ್ಲಿ ಪ್ರಿಂಟರ್ ಇಲ್ಲ, ಅದರಿಂದಲೇ ಹುಟ್ಟಿದ ಡಾಸ್‌ಬಾಕ್ಸ್-ಎಕ್ಸ್‌ನಲ್ಲಿ ಇದೆ. ಅದಕ್ಕೆ ಹೋದರೆ ಚೆಂಡಿನ ವೇಗ ಮತ್ತೊಮ್ಮೆ ನೀವೇ ಕೂತು ನೋಡಬೇಕಾದೀತು ಸಾರ್ ಅಂದಿದ್ದೇನೆ.